ಎಳೆಯ ಕಲಿಯ ಗೆಲವು: ‘ದಿ ಕರಾಟೆ ಕಿಡ್’ ಚಿತ್ರದ ರಸವಿಚಾರ

೧

ಬಲಿಷ್ಠನಾದ ವೈರಿಯನ್ನು ಎಳೆಯನೊಬ್ಬನು ಎದುರಿಸಿ ಗೆಲ್ಲುವ ಕಥೆಗೆ ಎಲ್ಲ ದೇಶಗಳಲ್ಲಿಯೂ ಎಲ್ಲ ಕಾಲಗಳಲ್ಲಿಯೂ ಕೇಳುಗರುಂಟು. ಕಂಸನ ಮಲ್ಲರಂಗದಲ್ಲಿ ಚಾಣೂರ ಮುಷ್ಟಿಕರ ಮುಂದೆ ನಿಂತ ಗೊಲ್ಲರ ಹುಡುಗರ ಕಥೆಯನ್ನು ಭಾಗವತವು ಹೇಳುತ್ತದೆ; ಕವಣೆಕಲ್ಲಿನಿಂದ ಗೋಲಿಯಾತನನ್ನು ಕೆಡಹಿದ ಕುರಿಗಾಹಿ ದಾವೀದನ ಕಥೆಯನ್ನು ಯೆಹೂದ್ಯರ ಧರ್ಮಗ್ರಂಥವು ಹೇಳುತ್ತದೆ. ಆದರೆ ಈ ಎರಡು ಕಥೆಗಳಲ್ಲಿಯೂ ಗೆಲ್ಲುವವನು ನೋಟಕ್ಕೆ ಮಾತ್ರ ದುರ್ಬಲನು. ಒಬ್ಬನು ತಾನೇ ದೇವರು. ಇನ್ನೊಬ್ಬನ ಬೆನ್ನಿಗೆ ದೇವರುಂಟು. ಇದು ಮೊದಲೇ ತಿಳಿದಿರುವುದರಿಂದ ಕೇಳುವವನಲ್ಲಿ ಹುಟ್ಟುವುದು ಭಕ್ತಿ ವಿಸ್ಮಯಗಳೇ ಹೊರತು ಹುಡುಗನ ಗತಿಯೇನಾದೀತೆಂಬ ಕಳವಳವಲ್ಲ.

ಇಪ್ಪತ್ತನೆಯ ಶತಮಾನದ ಚಲಚ್ಚಿತ್ರವು ಈ ಹಳೆಯ ಬೀಜವನ್ನು ತೆಗೆದುಕೊಂಡು ಅದರಿಂದ ದೇವರನ್ನು ಕಳೆಯಿತು. ಹೊಸ ಊರಿಗೆ ಬಂದ ಹದಿಹರೆಯದ ಹುಡುಗನೊಬ್ಬನು ಅಲ್ಲಿಯ ಬಲಶಾಲಿಗಳ ಕೈಯಲ್ಲಿ ಪೆಟ್ಟು ತಿನ್ನುವನು. ಯಾರೂ ಲೆಕ್ಕಿಸದ ಮುದುಕನೊಬ್ಬನು ಅವನಿಗೆ ಕಾಳಗದ ವಿದ್ಯೆಯನ್ನು ಕಲಿಸುವನು. ಕೊನೆಗೆ ಎಲ್ಲರೂ ನೋಡುತ್ತಿರುವ ಪಂದ್ಯದಲ್ಲಿ ಹುಡುಗನು ಗೆಲ್ಲುವನು. ಈ ಮೂರು ವಾಕ್ಯಗಳಲ್ಲಿ ಅಡಗುವ ಕಥೆಯನ್ನು ಹೇಳಿದ ಚಿತ್ರಗಳು ಅನೇಕ. ದೇವರಿದ್ದ ಸ್ಥಾನದಲ್ಲಿ ಇವು ಇಟ್ಟುದು ಅಭ್ಯಾಸವನ್ನು. ಹುಡುಗನಿಗೆ ವರವಿಲ್ಲ, ಶಾಪವಿಮೋಚನೆಯಿಲ್ಲ, ಗುಪ್ತವಾದ ರಾಜವಂಶವಿಲ್ಲ. ಇರತಕ್ಕದ್ದು ಎರಡು ಕೈ, ಎರಡು ಕಾಲು, ದಿನದಿನದ ದುಡಿಮೆ.

ಇಂಥ ಚಿತ್ರಗಳನ್ನು ಹುಡುಗರ ವಿನೋದವೆಂದು ಪಂಡಿತರು ಬದಿಗಿಡುವುದುಂಟು. ಅವರು ಹೇಳುವ ಕಾರಣವು ಮೇಲ್ನೋಟಕ್ಕೆ ಸರಿಯಾಗಿಯೇ ಇದೆ: ಮೊದಲ ಹತ್ತು ನಿಮಿಷಗಳಲ್ಲಿಯೇ ಕೊನೆಯು ತಿಳಿದುಹೋಗುವ ಕಥೆಯಲ್ಲಿ ಕುತೂಹಲಕ್ಕೆ ಎಡೆಯೆಲ್ಲಿ? ಆದರೆ ಈ ಮಾತನ್ನು ಒಪ್ಪಿದರೆ ರಾಮಾಯಣ ನಾಟಕಗಳನ್ನೂ ಬದಿಗಿಡಬೇಕಾದೀತು. ಕೊನೆಯನ್ನು ಬಲ್ಲ ಪ್ರೇಕ್ಷಕನು ಮತ್ತೆ ಮತ್ತೆ ಬಂದು ಕುಳಿತುಕೊಳ್ಳುವನೆಂದರೆ ಅವನು ಬಂದುದು ಕೊನೆಗಾಗಿ ಅಲ್ಲ. ಯಾವುದಕ್ಕಾಗಿ ಎಂಬುದೇ ಇಲ್ಲಿ ವಿಚಾರಿಸತಕ್ಕ ವಿಷಯ. ಈ ಜಾತಿಯ ಚಿತ್ರಗಳಲ್ಲಿ ಹೆಚ್ಚು ಪ್ರಸಿದ್ಧವಾದ ‘ದಿ ಕರಾಟೆ ಕಿಡ್’ (೧೯೮೪) ಎಂಬ ಅಮೆರಿಕಾದ ಚಿತ್ರವು ಈ ವಿಚಾರಕ್ಕೆ ತಕ್ಕ ಲಕ್ಷ್ಯವಾಗಿದೆ.

೨

ಈ ಚಿತ್ರವನ್ನು ನಿರ್ದೇಶಿಸಿದವನು ಜಾನ್ ಜಿ. ಅವಿಲ್ಡ್‌ಸನ್, ಕಥೆಯನ್ನು ಬರೆದವನು ರಾಬರ್ಟ್ ಮಾರ್ಕ್ ಕೇಮನ್. ಕೇಮನ್ ತಾನೇ ಓಕಿನಾವಾ ದ್ವೀಪದ ಗೋಜು-ರ್ಯು ಸಂಪ್ರದಾಯದ ಕರಾಟೆಯನ್ನು ಕಲಿತವನು. ಆ ಸಂಪ್ರದಾಯದ ಪ್ರವರ್ತಕನಾದ ಚೋಜುನ್ ಮಿಯಾಗಿಯ (೧೮೮೮–೧೯೫೩) ಹೆಸರೇ ಚಿತ್ರದ ಗುರುವಿಗೆ ಬಂದಿದೆ.

ಡೇನಿಯಲ್ ಲರೂಸೊ ಎಂಬ ತಂದೆಯಿಲ್ಲದ ಹುಡುಗನು ತಾಯಿಯ ಹೊಸ ಉದ್ಯೋಗದ ನಿಮಿತ್ತ ನ್ಯೂಜೆರ್ಸಿಯ ನ್ಯೂಅರ್ಕ್ ಪಟ್ಟಣವನ್ನು ಬಿಟ್ಟು ಕ್ಯಾಲಿಫೋರ್ನಿಯಾದ ಲಾಸ್ ಏಂಜಲೀಸ್ ನಗರದ ರೆಸೀಡಾ ಭಾಗಕ್ಕೆ ಬರುತ್ತಾನೆ. ಅಲ್ಲಿ ಆಲಿ ಎಂಬ ಸಿರಿವಂತರ ಮನೆಯ ಹುಡುಗಿಯ ಸ್ನೇಹವು ಅವನಿಗೆ ದೊರೆಯುತ್ತದೆ. ಅದರಿಂದಲೇ ಅವಳ ಹಿಂದಿನ ಗೆಳೆಯನಾದ ಜಾನಿ ಲಾರೆನ್ಸನ ಹಗೆಯೂ ದೊರೆಯುತ್ತದೆ. ಜಾನಿಯೂ ಅವನ ಸಂಗಡಿಗರೂ ‘ಕೋಬ್ರಾ ಕೈ’ ಎಂಬ ಕರಾಟೆ ಗರಡಿಯ ಶಿಷ್ಯರು. ಒಂದು ರಾತ್ರಿ ಅವರೆಲ್ಲರೂ ಸೇರಿ ಡೇನಿಯಲ್‌ನನ್ನು ಬಡಿಯುತ್ತಿರುವಾಗ, ಅವನಿದ್ದ ಬಾಡಿಗೆ ಮನೆಗಳ ನಲ್ಲಿ ಬಾಗಿಲುಗಳನ್ನು ರಿಪೇರಿ ಮಾಡಿಕೊಂಡಿದ್ದ ಮಿಯಾಗಿ ಎಂಬ ಮುದುಕನು ಬೇಲಿಯನ್ನು ಹಾರಿ ಬಂದು ಐವರನ್ನೂ ಕೆಡಹುತ್ತಾನೆ. ಆ ಗರಡಿಯ ವಸ್ತಾದನಾದ ಕ್ರೀಸನೊಡನೆ ಮಾತಾಡಿ, ಹದಿನೆಂಟು ವಯಸ್ಸಿನೊಳಗಿನವರ ಕರಾಟೆ ಪಂದ್ಯದಲ್ಲಿ ಡೇನಿಯಲ್ ಸೆಣಸುವನೆಂದೂ ಅಲ್ಲಿಯವರೆಗೆ ಅವನನ್ನು ಯಾರೂ ಮುಟ್ಟಕೂಡದೆಂದೂ ಒಪ್ಪಂದ ಮಾಡಿಕೊಳ್ಳುತ್ತಾನೆ. ಉಳಿದ ಕಥೆಯು ಆ ಪಂದ್ಯದ ಸಿದ್ಧತೆ ಮತ್ತು ಪಂದ್ಯ.

ಅವಿಲ್ಡ್‌ಸನ್ ೧೯೭೬ರಲ್ಲಿ ‘ರಾಕಿ’ ಎಂಬ ಮುಷ್ಟಿಯುದ್ಧದ ಚಿತ್ರವನ್ನು ಮಾಡಿದ್ದನು. ಅದರ ನಾಯಕನು ಕೊನೆಯ ಪಂದ್ಯದಲ್ಲಿ ಅಂಕಗಳ ಎಣಿಕೆಯಲ್ಲಿ ಸೋಲುತ್ತಾನೆ; ಹದಿನೈದು ಸುತ್ತುಗಳನ್ನೂ ನಿಂತು ಮುಗಿಸಿದುದೇ ಅವನ ಗೆಲವು. ಡೇನಿಯಲ್ ಪಂದ್ಯವನ್ನೇ ಗೆಲ್ಲುತ್ತಾನೆ. ಒಬ್ಬನೇ ನಿರ್ದೇಶಕನ ಕೈಯಲ್ಲಿ ಒಂದೇ ಬಗೆಯ ಕಥೆಯು ಸೋಲಿನಿಂದಲೂ ಗೆಲವಿನಿಂದಲೂ ಒಂದೇ ಬಗೆಯ ತೃಪ್ತಿಯನ್ನು ಕೊಟ್ಟಿತೆಂದ ಮೇಲೆ, ಆ ತೃಪ್ತಿಯ ಮೂಲವನ್ನು ಅಂಕಗಳ ಫಲಕದಲ್ಲಿ ಹುಡುಕುವುದು ವ್ಯರ್ಥ.

೩

ಲಕ್ಷಣಕಾರರ ದೃಷ್ಟಿಯಿಂದ ನೋಡಿದರೆ ಮೊದಲು ಏಳುವ ಪ್ರಶ್ನೆ ನಾಯಕನದು. ವೀರರಸವು ಉತ್ತಮಪ್ರಕೃತಿಯನ್ನು ಆಶ್ರಯಿಸಿ ಇರತಕ್ಕದ್ದೆಂದೂ ಉತ್ಸಾಹವೇ ಅದರ ಸ್ಥಾಯಿಯೆಂದೂ ಭರತನ ಮತ. ಡೇನಿಯಲ್ ಉತ್ತಮಪ್ರಕೃತಿಯವನೆಂದು ಹೇಳುವಂತಿಲ್ಲ. ಅವನು ಬಾಯಿಬಡಕ, ಬೇಗ ಕೆರಳುವವನು, ತಾಯಿಯ ಮೇಲೆ ರೇಗುವವನು, ಸ್ವಲ್ಪ ಹಗೆಸಾಧಕನೂ ಹೌದು. ಆ ರಾತ್ರಿ ಪೆಟ್ಟು ತಿಂದುದಕ್ಕೂ ಅವನೇ ಕಾರಣ. ಸುಮ್ಮನಿದ್ದ ಜಾನಿಯ ಮೇಲೆ ನೀರನ್ನು ಸುರಿಸಿ ಓಡಿದವನು ಅವನು. ಅವನ ಉತ್ಸಾಹವು ಮೊದಮೊದಲಿಗೆ ಉತ್ಸಾಹವೇ ಅಲ್ಲ. ಅಪಮಾನದಿಂದ ಹುಟ್ಟಿದ ಕ್ರೋಧ, ಅಂದರೆ ರೌದ್ರದ ಸ್ಥಾಯಿ. ಪೆಟ್ಟು ತಿಂದವನು ಪೆಟ್ಟನ್ನು ಹಿಂದಿರುಗಿಸಬೇಕೆಂದು ಬಯಸುವುದರಲ್ಲಿ ವೀರವೇನೂ ಇಲ್ಲ.

ಇದು ಚಿತ್ರದ ದೋಷವೆಂದು ತೋರಬಹುದು. ಆದರೆ ಅದರ ಬಲವು ಇರುವುದು ಇಲ್ಲಿಯೇ. ಪ್ರಾಚೀನ ಮಹಾಕಾವ್ಯದ ವೀರನು ವೀರನಾಗಿಯೇ ಕಥೆಯನ್ನು ಪ್ರವೇಶಿಸುತ್ತಾನೆ. ಅವನ ಪ್ರಕೃತಿಯು ಸಿದ್ಧವಸ್ತು. ಈ ಚಿತ್ರಗಳಲ್ಲಿ ಅದು ಸಾಧ್ಯವಸ್ತು. ಕ್ರೋಧವು ಹೇಗೆ ಉತ್ಸಾಹವಾಗಿ ಮಾರ್ಪಡುವುದೆಂಬುದೇ ಕಥೆಯ ನಿಜವಾದ ಇತಿವೃತ್ತ. ಹದಿಹರೆಯದ ನಾಯಕನನ್ನು ಆರಿಸಿಕೊಂಡುದರ ಔಚಿತ್ಯವೂ ಇದರಿಂದ ಸ್ಪಷ್ಟವಾಗುತ್ತದೆ. ಆ ವಯಸ್ಸಿನವನ ಗುಣವು ಇನ್ನೂ ಗಟ್ಟಿಯಾಗಿಲ್ಲ. ಯಾರ ಕೈಗೆ ಸಿಕ್ಕುವನೋ ಅವರಂತೆ ಆಗುವನು. ಅವಮಾನವು ಅವನಿಗೆ ಪ್ರಾಣಾಂತಿಕವಾಗಿ ಕಾಣುವುದು. ಊಟದ ಕೊಠಡಿಯಲ್ಲಿ, ಆಟದ ಬಯಲಿನಲ್ಲಿ, ಒಲಿದ ಹುಡುಗಿಯ ಮುಂದೆ ಬಿದ್ದ ಪೆಟ್ಟು ಲೋಕವೆಲ್ಲ ನೋಡಿದ ಪೆಟ್ಟು. ಪ್ರೌಢರು ನಗುವ ಈ ದುಃಖವನ್ನು ಚಿತ್ರವು ನಗದೆ ನೋಡುತ್ತದೆ. ಭಟ್ಟನಾಯಕನು ಹೇಳಿದ ಸಾಧಾರಣೀಕರಣವು ಇಲ್ಲಿ ಅತಿ ಸುಲಭವಾಗಿ ನಡೆಯುವುದಕ್ಕೆ ಇದೇ ಕಾರಣ. ಶಾಲೆಯ ದಿನಗಳಲ್ಲಿ ಒಮ್ಮೆಯಾದರೂ ತಲೆತಗ್ಗಿಸಿ ಮನೆಗೆ ನಡೆಯದವನು ವಿರಳ. ಕರಾಟೆಯನ್ನರಿಯದವನೂ ಆ ನಡಿಗೆಯನ್ನು ಬಲ್ಲನು.

೪

ನಾಟ್ಯಶಾಸ್ತ್ರವು ಕಾರ್ಯಕ್ಕೆ ಆರಂಭ, ಪ್ರಯತ್ನ, ಪ್ರಾಪ್ತ್ಯಾಶೆ, ನಿಯತಾಪ್ತಿ, ಫಲಾಗಮವೆಂದು ಐದು ಅವಸ್ಥೆಗಳನ್ನು ಹೇಳುತ್ತದೆ. ಸಾಮಾನ್ಯವಾದ ಸಾಹಸಕಥೆಗಳಲ್ಲಿ ಪ್ರಯತ್ನವು ಫಲಕ್ಕೆ ಹೋಗುವ ದಾರಿಯಷ್ಟೆ. ಕವಿಯು ಅದನ್ನು ಬೇಗನೆ ದಾಟುತ್ತಾನೆ. ಈ ಜಾತಿಯ ಚಿತ್ರಗಳು ಪ್ರಯತ್ನದಲ್ಲಿಯೇ ನಿಲ್ಲುತ್ತವೆ. ಇವು ಪ್ರಯತ್ನದ ಕಾವ್ಯಗಳು. ಈ ಲಕ್ಷಣವು ಅಮೆರಿಕಾದಲ್ಲಿ ಹುಟ್ಟಿದುದಲ್ಲ. ೧೯೪೩ರಲ್ಲಿ ಅಕಿರಾ ಕುರೋಸಾವನು ನಿರ್ದೇಶಿಸಿದ ಮೊದಲ ಚಿತ್ರ ‘ಸುಗಾತ ಸಾನ್‌ಶಿರೋ’ದಲ್ಲಿ, ಬೀದಿಜಗಳವಾಡಿ ಬಂದ ಜೂಡೋ ಶಿಷ್ಯನು ಗುರುವಿನ ಗದರಿಕೆಗೆ ಮನೆಯ ಕೊಳದಲ್ಲಿ ಧುಮುಕಿ, ಒಂದು ಗೂಟವನ್ನು ಹಿಡಿದುಕೊಂಡು ರಾತ್ರಿಯನ್ನೆಲ್ಲ ನೀರಿನಲ್ಲಿ ಕಳೆದು, ಅರಳಿದ ತಾವರೆಯನ್ನು ಕಂಡು ಎಚ್ಚರಗೊಳ್ಳುತ್ತಾನೆ. ಹಾಂಗ್‌ಕಾಂಗಿನಲ್ಲಿ ೧೯೭೮ರಲ್ಲಿ ತೆರೆಕಂಡ ‘ಶಾವೊಲಿನ್ನಿನ ೩೬ನೆಯ ಕೊಠಡಿ’ ಎಂಬ ಚಿತ್ರದಲ್ಲಿ ಮಠದ ಕೊಠಡಿಯಿಂದ ಕೊಠಡಿಗೆ ನಾಯಕನು ಪಡುವ ಪಾಡೇ ಚಿತ್ರದ ನಡುಭಾಗವನ್ನೆಲ್ಲ ಆವರಿಸುತ್ತದೆ. ಅದೇ ವರ್ಷದ ‘ಡ್ರಂಕನ್ ಮಾಸ್ಟರ್’ ಚಿತ್ರದಲ್ಲಿ ಜಾಕಿ ಚಾನ್ ನಟಿಸಿದ ಪುಂಡ ಹುಡುಗನನ್ನು ಕುಡುಕ ಮುದುಕನೊಬ್ಬನು ಹಿಂಸೆಯೆನ್ನುವಷ್ಟು ದುಡಿಸುತ್ತಾನೆ. ಅಲ್ಲಿ ಅದು ಹಾಸ್ಯಕ್ಕೆ ವಿಷಯ.

‘ದಿ ಕರಾಟೆ ಕಿಡ್’ ಈ ಸಂಪ್ರದಾಯಕ್ಕೆ ಸೇರಿಸಿದ ಹೊಸತು ಒಂದುಂಟು: ಅಭ್ಯಾಸದ ಅರ್ಥವನ್ನು ಅಭ್ಯಾಸಿಗೂ ಪ್ರೇಕ್ಷಕನಿಗೂ ಮರೆಮಾಡಿದುದು. ಹೇಳಿದ ಕೆಲಸವನ್ನು ಪ್ರಶ್ನೆ ಕೇಳದೆ ಮಾಡಬೇಕೆಂಬ ಕರಾರಿನ ಮೇಲೆ ಮಿಯಾಗಿ ಹುಡುಗನನ್ನು ಶಿಷ್ಯನಾಗಿ ಒಪ್ಪುತ್ತಾನೆ. ಮೊದಲ ದಿನದ ಕೆಲಸ ಹಳೆಯ ಮೋಟಾರುಗಾಡಿಗಳನ್ನು ತೊಳೆದು ಮೇಣ ಹಚ್ಚುವುದು: ಬಲಗೈಯಿಂದ ಒಂದು ಸುತ್ತಿಗೆ ಹಚ್ಚಬೇಕು, ಎಡಗೈಯಿಂದ ಇನ್ನೊಂದು ಸುತ್ತಿಗೆ ಒರಸಬೇಕು, ಉಸಿರಾಟವು ತಪ್ಪಕೂಡದು. ಆಮೇಲೆ ಹಿತ್ತಲಿನ ಮರದ ನೆಲವನ್ನು ಉಜ್ಜುಕಾಗದದಿಂದ ತಿಕ್ಕುವುದು. ಆಮೇಲೆ ಬೇಲಿಗೆ ಬಣ್ಣ. ಆಮೇಲೆ ಮನೆಗೆ ಬಣ್ಣ. ನಾಲ್ಕನೆಯ ದಿನ ಗುರುವು ಚೀಟಿ ಬರೆದಿಟ್ಟು ಮೀನು ಹಿಡಿಯುವುದಕ್ಕೆ ಹೋಗಿಬಿಡುತ್ತಾನೆ. ಕತ್ತಲಾದ ಮೇಲೆ ಹಿಂದಿರುಗಿದವನ ಮೇಲೆ ಹುಡುಗನು ಸಿಡಿದೇಳುತ್ತಾನೆ: ತಾನು ಆಳಾಗಿ ದುಡಿದನೇ ಹೊರತು ಕಲಿತುದು ಏನೂ ಇಲ್ಲವೆಂದು.

ಆಗ ಗುರುವು ಅವನನ್ನು ನಿಲ್ಲಿಸಿ, ಮೇಣ ಹಚ್ಚುವ ಕೈಸುತ್ತನ್ನು ತೋರಿಸೆಂದು ಹೇಳಿ, ಇದ್ದಕ್ಕಿದ್ದಂತೆ ಗುದ್ದುತ್ತಾನೆ. ಹುಡುಗನ ಕೈ ತಾನಾಗಿಯೇ ಆ ಗುದ್ದನ್ನು ತಡೆಯುತ್ತದೆ. ನೆಲವನ್ನು ತಿಕ್ಕಿದ ಕೈ ಒದೆಯನ್ನು ತಳ್ಳುತ್ತದೆ; ಬೇಲಿಗೆ ಬಣ್ಣ ಬಳಿದ ಮಣಿಕಟ್ಟು ಮೇಲಿನ ಪೆಟ್ಟನ್ನೂ ಕೆಳಗಿನ ಪೆಟ್ಟನ್ನೂ ಎತ್ತಿಹಾಕುತ್ತದೆ. ಕೊನೆಗೆ ಎಲ್ಲ ಕಡೆಯಿಂದಲೂ ಬಂದ ಪೆಟ್ಟುಗಳ ಮಳೆಯನ್ನು ತಡೆದು ನಿಂತವನ ಮುಖದಲ್ಲಿ ಕಾಣುವುದು ಹರ್ಷವಲ್ಲ, ಬೆರಗು. ಗುರುವು ವಿವರಣೆಯ ಮಾತೊಂದನ್ನೂ ಆಡದೆ, ಮರುದಿನ ಬರಹೇಳಿ ಒಳಕ್ಕೆ ಹೋಗುತ್ತಾನೆ.

ಚಿತ್ರದ ಹೃದಯವಿರುವುದು ಇಲ್ಲಿ. ಕೊನೆಯ ಪಂದ್ಯವೂ ಇದಕ್ಕೆ ಸಾಟಿಯಲ್ಲ. ಶಾಕುಂತಲದಲ್ಲಿ ಉಂಗುರವು ದೊರೆತಾಗ ದುಷ್ಯಂತನಿಗೆ ಆದುದು ತನ್ನವಳ ಅಭಿಜ್ಞಾನ. ಇಲ್ಲಿ ಹುಡುಗನಿಗೆ ಆಗುವುದು ತನ್ನ ಕೈಗಳ ಅಭಿಜ್ಞಾನ. ತಾನು ಬಲ್ಲೆನೆಂದು ತಿಳಿಯದೆಯೇ ಅವನು ಬಲ್ಲವನಾಗಿದ್ದನು. ಪ್ರೇಕ್ಷಕನೂ ಅವನಂತೆಯೇ ಮೋಸಹೋಗಿದ್ದುದರಿಂದ ಆ ಬೆರಗು ಇಬ್ಬರಿಗೂ ಸಮಾನ. ಕಳೆದುಹೋದುದೆಂದು ಎಣಿಸಿದ್ದ ನಾಲ್ಕು ದಿನಗಳು ಒಂದು ನಿಮಿಷದಲ್ಲಿ ಹಿಂದಿರುಗಿ ಕೈಸೇರುತ್ತವೆ. ಅರ್ಥವಿಲ್ಲದ ದುಡಿಮೆ, ಕಾರಣ ತಿಳಿಯದ ಆಜ್ಞೆ, ಬಾಯಿಪಾಠ, ತಿದ್ದುಬರಹ, ಇವೇ ತನ್ನ ಬಾಳೆಂದು ಭಾವಿಸಿರುವ ಹದಿಹರೆಯದವನಿಗೆ ‘ಇದೆಲ್ಲವೂ ವ್ಯರ್ಥವಲ್ಲ’ ಎಂಬ ಭರವಸೆಗಿಂತ ಪ್ರಿಯವಾದ ಮಾತು ಇನ್ನೊಂದಿಲ್ಲ. ಪಾಠ ಹೇಳುವವರಿಗೂ ಈ ಭರವಸೆ ಬೇಕು.

ಇದನ್ನು ವಾಸ್ತವವೆಂದು ಎಣಿಸಬಾರದು. ಅಕ್ಟೋಬರ್ ಕೊನೆಯ ಆ ರಾತ್ರಿಯಿಂದ ಡಿಸೆಂಬರಿನ ಪಂದ್ಯದವರೆಗಿನ ಅವಧಿಯಲ್ಲಿ ಯಾವ ಹುಡುಗನೂ ಬಹುಕಾಲ ಕಲಿತವರನ್ನು ಗೆಲ್ಲಲಾರನು. ಬೇಲಿಗೆ ಬಣ್ಣ ಹಚ್ಚಿದವರೆಲ್ಲರೂ ಜಟ್ಟಿಗಳಾಗರು. ಕಾವ್ಯವು ಇಲ್ಲಿ ಕಾಲವನ್ನು ಕುಗ್ಗಿಸಿದೆ. ಆದರೆ ಕುಗ್ಗಿಸಿ ಹೇಳಿದ ವಿಷಯವು ಸುಳ್ಳಲ್ಲ. ಕೈಯ ವಿದ್ಯೆಯು ಮಾತಿನ ಮೂಲಕ ಬರುವುದಿಲ್ಲ, ಆವೃತ್ತಿಯಿಂದ ಬರುತ್ತದೆ, ಬಂದುದು ಬಂದಾಗ ತಿಳಿಯುವುದಿಲ್ಲ. ವೀಣೆ ಮೃದಂಗಗಳನ್ನು ಕಲಿತವರಿಗೂ ಗರಡಿಯ ಮಣ್ಣಿನಲ್ಲಿ ಸಾಮು ಮಾಡಿದವರಿಗೂ ಇದು ಅನುಭವಸಿದ್ಧ.

೫

ಶಿಷ್ಯನನ್ನು ಮಾಡುವವನು ಗುರುವೆಂದ ಮೇಲೆ ಎರಡು ಬಗೆಯ ಗುರುಗಳನ್ನು ಎದುರುಬದುರಾಗಿ ನಿಲ್ಲಿಸುವುದು ಅನಿವಾರ್ಯ. ಕೆಟ್ಟ ಶಿಷ್ಯನೆಂಬವನಿಲ್ಲ, ಕೆಟ್ಟ ಗುರುವೇ ಇರುವನೆಂದು ಮಿಯಾಗಿ ಒಂದು ಕಡೆ ಹೇಳುತ್ತಾನೆ. ಕ್ರೀಸನ ಗರಡಿಯ ಗೋಡೆಯ ಮೇಲೆ ಮೂರು ವಿಧಿಗಳಿವೆ: ಮೊದಲು ಹೊಡೆಯಬೇಕು, ಬಲವಾಗಿ ಹೊಡೆಯಬೇಕು, ಕರುಣೆ ತೋರಬಾರದು. ಅಲ್ಲಿ ಸಾಲುಸಾಲಾಗಿ ನಿಂತ ಹುಡುಗರು ಒಂದೇ ಕೊರಳಿನಿಂದ ಉತ್ತರ ಕೊಡುತ್ತಾರೆ. ಅದು ಸೈನ್ಯದ ಶಿಬಿರದ ಶಿಸ್ತು. ಸೈನಿಕವೇಷದ ಕ್ರೀಸನ ಭಾವಚಿತ್ರವೂ ಅಲ್ಲಿ ತೂಗುತ್ತದೆ. ವಿಯೆಟ್ನಾಂ ಯುದ್ಧವು ಅಮೆರಿಕಾಕ್ಕೆ ಸೋಲಿನಲ್ಲಿ ಮುಗಿದು ಹತ್ತು ವರ್ಷಗಳೂ ಕಳೆಯದ ಕಾಲದಲ್ಲಿ ತೆಗೆದ ಚಿತ್ರವಿದು. ಸೋಲನ್ನು ಜೀರ್ಣಿಸಿಕೊಳ್ಳಲಾರದ ಒಂದು ತಲೆಮಾರು ಅದನ್ನು ಹುಡುಗರ ಮೈಯಲ್ಲಿ ತೀರಿಸಿಕೊಳ್ಳಲು ಹೊರಟಿರುವುದನ್ನು ಕ್ರೀಸನ ಪಾತ್ರವು ಸೂಚಿಸುತ್ತದೆ.

ಮಿಯಾಗಿಯೂ ಸೈನಿಕನಾಗಿದ್ದವನೇ. ಇದು ಚಿತ್ರದ ಅರ್ಧವು ಕಳೆದ ಮೇಲೆ, ಒಂದು ರಾತ್ರಿ ತಿಳಿಯುತ್ತದೆ. ಹಳೆಯ ಸಮವಸ್ತ್ರವನ್ನು ತೊಟ್ಟು ಒಬ್ಬನೇ ಕುಳಿತು ಕುಡಿಯುತ್ತಿರುವ ಗುರುವನ್ನು ಹುಡುಗನು ಕಾಣುತ್ತಾನೆ. ಮಾತು ತೊದಲುತ್ತದೆ, ಆ ತೊದಲಿನಿಂದಲೂ ಒಂದು ಹಳೆಯ ಕಾಗದದಿಂದಲೂ ಕಥೆಯು ಚೂರುಚೂರಾಗಿ ಹೊರಬೀಳುತ್ತದೆ. ಮಿಯಾಗಿ ಯೂರೋಪಿನ ರಣರಂಗದಲ್ಲಿ ಅಮೆರಿಕಾದ ಪರವಾಗಿ ಹೋರಾಡುತ್ತಿದ್ದಾಗ ಅವನ ಗರ್ಭಿಣಿ ಹೆಂಡತಿಯು ಅದೇ ಅಮೆರಿಕಾದ ಮಂಜನಾರ್ ಶಿಬಿರದಲ್ಲಿ ಬಂಧಿಯಾಗಿದ್ದಳು. ಹೆರಿಗೆಯ ಕಾಲದಲ್ಲಿ ವೈದ್ಯನು ಬರಲಿಲ್ಲ; ತಾಯಿಯೂ ಮಗುವೂ ಉಳಿಯಲಿಲ್ಲ.

ಪಾತ್ರವು ಕಲ್ಪಿತ, ಅದರ ಹಿಂದಿನ ಚರಿತ್ರೆಯು ಕಲ್ಪಿತವಲ್ಲ. ೧೯೪೨ರ ಫೆಬ್ರವರಿ ೧೯ರಂದು ಅಧ್ಯಕ್ಷ ರೂಸ್‌ವೆಲ್ಟನು ಸಹಿಮಾಡಿದ ೯೦೬೬ನೆಯ ಆಜ್ಞೆಯ ಪರಿಣಾಮವಾಗಿ ಜಪಾನೀ ಮೂಲದ ಸುಮಾರು ೧,೨೦,೦೦೦ ಜನರನ್ನು ಪಶ್ಚಿಮ ತೀರದ ಮನೆಗಳಿಂದ ಎಬ್ಬಿಸಿ ಶಿಬಿರಗಳಲ್ಲಿ ಕೂಡಿಹಾಕಲಾಯಿತು. ಇವರಲ್ಲಿ ಹೆಚ್ಚಿನವರು ಅಮೆರಿಕಾದ ಪೌರರೇ. ಅದೇ ಜನದ ತರುಣರಿಂದ ಕೂಡಿದ ೪೪೨ನೆಯ ದಳವು ಇಟಲಿ ಫ್ರಾನ್ಸುಗಳಲ್ಲಿ ಕಾದಿ ಹೆಸರು ಪಡೆಯಿತು. ಮಿಯಾಗಿಯ ಪಾತ್ರವನ್ನು ಧರಿಸಿದ ನೊರಿಯುಕಿ ‘ಪ್ಯಾಟ್’ ಮೊರಿಟನು (೧೯೩೨–೨೦೦೫) ಎಳೆತನದ ಹಲವು ವರ್ಷಗಳನ್ನು ಬೆನ್ನುಮೂಳೆಯ ಕ್ಷಯದಿಂದ ಆಸ್ಪತ್ರೆಯಲ್ಲಿ ಕಳೆದು, ಅಲ್ಲಿಂದ ನೇರವಾಗಿ ಅರಿಜೋನಾದ ಶಿಬಿರಕ್ಕೆ ಸಾಗಿಸಲ್ಪಟ್ಟವನು. ಅಮೆರಿಕಾ ಸರ್ಕಾರವು ಈ ಅನ್ಯಾಯಕ್ಕಾಗಿ ಶಾಸನಮೂಲಕ ಕ್ಷಮೆ ಕೇಳಿ, ಬದುಕಿ ಉಳಿದವರಿಗೆ ತಲೆಗೆ ೨೦,೦೦೦ ಡಾಲರುಗಳ ಪರಿಹಾರವನ್ನು ಗೊತ್ತುಮಾಡಿದುದು ೧೯೮೮ರಲ್ಲಿ. ಅದಕ್ಕೆ ನಾಲ್ಕು ವರ್ಷಗಳ ಮೊದಲೇ ಹುಡುಗರಿಗೆಂದು ಮಾಡಿದ ಚಿತ್ರವೊಂದು ಈ ಮಾತನ್ನು ಆಡಿತ್ತು.

ಈ ದೃಶ್ಯವನ್ನು ತೆಗೆದುಹಾಕಿದರೆ ಕಥೆಯ ಸಂವಿಧಾನಕ್ಕೆ ಕುಂದಿಲ್ಲ. ಪಂದ್ಯವು ಹಾಗೆಯೇ ನಡೆಯುತ್ತದೆ. ಆದರೆ ರಸಕ್ಕೆ ಕುಂದುಂಟು. ಮಗನನ್ನು ಕಾಣದೆ ಕಳೆದುಕೊಂಡ ತಂದೆಯೂ ತಂದೆಯಿಲ್ಲದ ಮಗನೂ ಒಬ್ಬರಿಗೊಬ್ಬರು ದೊರೆತುದು ಇಲ್ಲಿ ಪ್ರಕಟವಾಗುತ್ತದೆ. ಹುಡುಗನು ಗುರುವನ್ನು ಹಾಸಿಗೆಯಲ್ಲಿ ಮಲಗಿಸಿ, ಶೌರ್ಯಪದಕವನ್ನು ಕಂಡು, ನಿದ್ರಿಸುತ್ತಿರುವವನಿಗೆ ತಲೆಬಾಗುತ್ತಾನೆ. ಅವನ ಉತ್ತಮಪ್ರಕೃತಿಯು ಪ್ರಾರಂಭವಾದುದು ಆ ಘಳಿಗೆಯಲ್ಲಿ. ತನ್ನ ಪೆಟ್ಟುಗಳಿಗಿಂತ ದೊಡ್ಡ ಪೆಟ್ಟನ್ನು ತಿಂದೂ ಯಾರನ್ನೂ ಹೊಡೆಯಲು ಹೋಗದೆ ಪುಟ್ಟ ಬೋನ್ಸಾಯ್ ಗಿಡಗಳ ಕೊಂಬೆಗಳನ್ನು ಕತ್ತರಿಸಿಕೊಂಡಿರುವವನೊಬ್ಬನನ್ನು ಅವನು ಕಂಡನು. ಹೊರಗಡೆ ಹುಡುಗನ ಯುದ್ಧವೀರ. ಒಳಗಡೆ ಮುದುಕನ ಕರುಣ, ಅದರಿಂದ ಹೊಮ್ಮಿದ ವಾತ್ಸಲ್ಯ. ವಿಶ್ವನಾಥನು ‘ಸಾಹಿತ್ಯದರ್ಪಣ’ದಲ್ಲಿ ವತ್ಸಲವನ್ನು ಹತ್ತನೆಯ ರಸವೆಂದು ಅಂಗೀಕರಿಸಿದನು; ಆ ರಸಕ್ಕೆ ಈ ಚಿತ್ರವು ಒಳ್ಳೆಯ ಉದಾಹರಣೆಯಾಗಬಲ್ಲದು. ವೀರವು ಇಲ್ಲಿ ಅಂಗ, ವತ್ಸಲವೇ ಅಂಗಿ.

೬

ಇದಕ್ಕೆ ವಿರುದ್ಧವಾಗಿ ಎರಡು ಆಕ್ಷೇಪಗಳುಂಟು. ಎರಡೂ ಲಘುವಾದುವಲ್ಲ.

ಮೊದಲನೆಯದು: ಪೂರ್ವದೇಶದ ಜ್ಞಾನಿಯು ಬಿಳಿಯ ಹುಡುಗನ ಏಳಿಗೆಗಾಗಿಯೇ ಹುಟ್ಟಿಬಂದಂತೆ ಚಿತ್ರಿತನಾಗಿದ್ದಾನೆಂಬುದು. ಮಿಯಾಗಿಗೆ ಹೆಂಡತಿಯಿಲ್ಲ, ಮಕ್ಕಳಿಲ್ಲ, ನೆರೆಯ ಜಪಾನೀಯರ ಗೆಳೆತನವೂ ಇದ್ದಂತಿಲ್ಲ; ಅವನ ವಿದ್ಯೆಯೆಲ್ಲವೂ ಡೇನಿಯಲ್‌ನ ಬಟ್ಟಲಿಗೆ ಬೀಳುತ್ತದೆ. ಅಮೆರಿಕಾದಲ್ಲಿಯೇ ಹುಟ್ಟಿ ಬೆಳೆದು ಅಲ್ಲಿಯ ಇಂಗ್ಲಿಷನ್ನೇ ಆಡುತ್ತಿದ್ದ ಮೊರಿಟನು ಈ ಪಾತ್ರಕ್ಕಾಗಿ ಒಡೆದ ಇಂಗ್ಲಿಷನ್ನು ಕಲ್ಪಿಸಿಕೊಂಡು ಆಡಬೇಕಾಯಿತು. ಆಕ್ಷೇಪದ ಈ ಭಾಗವನ್ನು ಒಪ್ಪಲೇಬೇಕು. ಆದರೆ ಮೇಲೆ ಹೇಳಿದ ರಾತ್ರಿಯ ದೃಶ್ಯವು ಅದರ ತೀಕ್ಷ್ಣತೆಯನ್ನು ಬಹಳಮಟ್ಟಿಗೆ ಕಡಮೆಮಾಡುತ್ತದೆ. ಅಲ್ಲಿ ಮಿಯಾಗಿ ಜ್ಞಾನದ ಭಂಡಾರವಲ್ಲ, ಗಾಯಗೊಂಡ ಮನುಷ್ಯ. ಅವನ ಗಾಯಕ್ಕೆ ಹೊಣೆ ಚಿತ್ರವನ್ನು ನೋಡುತ್ತಿರುವ ಸಮಾಜವೇ. ಕರಾಟೆಯ ಚರಿತ್ರೆಯೂ ಈ ಪಾತ್ರಕ್ಕೆ ಹಿನ್ನೆಲೆಯಾಗುತ್ತದೆ. ಓಕಿನಾವಾ ಜಪಾನಿನ ಹೃದಯವಲ್ಲ. ೧೮೭೯ರಲ್ಲಿ ಜಪಾನು ನುಂಗಿದ ಸಣ್ಣ ರಾಜ್ಯದ ಭಾಗ. ‘ಚೀನೀ ಕೈ’ ಎಂದು ಬರೆಯುತ್ತಿದ್ದ ತಮ್ಮ ವಿದ್ಯೆಯ ಹೆಸರನ್ನು ‘ಬರಿಗೈ’ ಎಂದು ಬರೆಯುವುದಕ್ಕೆ ಅಲ್ಲಿಯ ಗುರುಗಳು ೧೯೩೬ರಲ್ಲಿ ನಾಹಾ ಪಟ್ಟಣದ ಸಭೆಯಲ್ಲಿ ಒಪ್ಪಿದರು. ಹೀಗೆ ದೊಡ್ಡವರ ನಡುವೆ ಸಿಕ್ಕಿದ ಸಣ್ಣ ನಾಡಿನ ಬರಿಗೈ ವಿದ್ಯೆಯು ದುರ್ಬಲ ಹುಡುಗನ ಪಾಲಿಗೆ ಬಂದುದರಲ್ಲಿ ಒಂದು ಔಚಿತ್ಯವಿದೆ.

ಎರಡನೆಯ ಆಕ್ಷೇಪವು ಇನ್ನೂ ಆಳವಾದುದು: ಹೊಡೆದಾಡಬಾರದೆಂದು ಬೋಧಿಸುವ ಚಿತ್ರವು ಹೊಡೆದಾಟದಿಂದಲೇ ಕಥೆಯನ್ನು ಬಗೆಹರಿಸುತ್ತದೆಯಲ್ಲವೆ? ಕರಾಟೆಯನ್ನು ಕಲಿಯುವುದು ಹೊಡೆದಾಡದಿರುವುದಕ್ಕಾಗಿ ಎಂಬ ಗುರುಶಿಷ್ಯರ ಸಂಭಾಷಣೆಯೂ, ಮುಖಕ್ಕೆ ಬಿದ್ದ ಒದೆಯಿಂದ ಬಂದ ಪಾರಿತೋಷಕವೂ ಹೊಂದುವುದೆಂತು? ಈ ವಿರೋಧವು ನಿಜ. ಇಂಥ ಚಿತ್ರಗಳೆಲ್ಲವೂ ಇದನ್ನು ಹೊತ್ತುಕೊಂಡೇ ನಡೆಯುತ್ತವೆ. ಕೆಲವು ಅದರ ಭಾರಕ್ಕೆ ಕುಸಿಯುತ್ತವೆ. ಫ್ಲಾರಿಡಾದ ಆರ್ಲ್ಯಾಂಡೊ ನಗರದಲ್ಲಿ ನಡೆಯುವ ‘ನೆವರ್ ಬ್ಯಾಕ್ ಡೌನ್’ (೨೦೦೮) ಎಂಬ ಚಿತ್ರವು ಇದೇ ಕಥೆಯನ್ನು ಮಿಶ್ರಮಲ್ಲಯುದ್ಧಕ್ಕೆ ಅಳವಡಿಸಿತು. ಅಲ್ಲಿಯೂ ತಂದೆಯನ್ನು ಕಳೆದುಕೊಂಡ ಹುಡುಗ, ದುಃಖವನ್ನು ಹೊತ್ತ ಗುರು ಇದ್ದಾರೆ. ಆದರೆ ಅಲ್ಲಿಯ ಅಭ್ಯಾಸವು ಮೈಯನ್ನು ಗಟ್ಟಿಮಾಡುವುದಷ್ಟೆ; ಅದರಲ್ಲಿ ಗುಟ್ಟಿಲ್ಲ, ಬೆರಗಿಲ್ಲ. ಆದುದರಿಂದ ಪ್ರೇಕ್ಷಕನ ಕಣ್ಣು ಪೆಟ್ಟುಗಳ ಮೇಲೆಯೇ ನಿಲ್ಲುತ್ತದೆ. ಶಾಂತಿಯ ಮಾತು ಬಾಯಿಮಾತಾಗುತ್ತದೆ.

‘ದಿ ಕರಾಟೆ ಕಿಡ್’ ಈ ವಿರೋಧವನ್ನು ಪರಿಹರಿಸುವುದಿಲ್ಲ. ಅದನ್ನು ಕಾಲಿನ ಮೇಲೆ ತಂದು ನಿಲ್ಲಿಸುತ್ತದೆ. ಉಪಾಂತ್ಯ ಪಂದ್ಯದಲ್ಲಿ ಕ್ರೀಸನು ತನ್ನ ಶಿಷ್ಯ ಬಾಬಿಗೆ ಡೇನಿಯಲ್‌ನ ಕಾಲನ್ನು ಮುರಿಯುವಂತೆ ಆಜ್ಞೆಮಾಡುತ್ತಾನೆ. ಬಾಬಿ ಹಾಗೆಯೇ ಮಾಡಿ, ಪಂದ್ಯದಿಂದ ಹೊರಗಾಗಿ, ಬಿದ್ದವನ ಬಳಿಯಲ್ಲಿಯೇ ಕ್ಷಮೆ ಬೇಡುತ್ತಾನೆ. ಇಲ್ಲಿಗೆ ನಿಲ್ಲಿಸಬಹುದೆಂದು ಮಿಯಾಗಿ ಹೇಳುತ್ತಾನೆ. ಗೆದ್ದರೂ ಸೋತರೂ ಅವನಿಗೆ ಭೇದವಿಲ್ಲ. ಹುಡುಗನು ಒಪ್ಪುವುದಿಲ್ಲ. ಈಗ ನಿಲ್ಲಿಸಿದರೆ ಅವರೊಡನೆಯೂ ಹುಡುಗಿಯೊಡನೆಯೂ ತನ್ನೊಡನೆಯೂ ತನಗೆ ಸಮತೋಲವು ಎಂದಿಗೂ ದೊರೆಯದೆಂಬುದು ಅವನ ವಾದ. ‘ಸೇಡು’ ಎಂದು ಆರಂಭಿಸಿದವನ ಬಾಯಿಂದ ಈಗ ಬಂದ ಮಾತು ‘ಸಮತೋಲ’. ದೋಣಿಯ ಮೇಲೆಯೂ ಕಡಲ ಅಲೆಗಳಲ್ಲಿಯೂ ಮಿಯಾಗಿ ಅವನಿಗೆ ಕಲಿಸಿದುದು ಅದನ್ನೇ: ಸಮತೋಲವು ಕರಾಟೆಗೆ ಮಾತ್ರವಲ್ಲ, ಇಡೀ ಬಾಳಿಗೆ ಬೇಕಾದುದು. ಕೊನೆಗೆ ಒಂಟಿಕಾಲಿನ ಮೇಲೆ ಕೊಕ್ಕರೆಯಂತೆ ತೋಳುಗಳನ್ನೆತ್ತಿ ಅವನು ನಿಲ್ಲುವ ಭಂಗಿಯು ಕಾಳಗದ ಪಟ್ಟಾಗಿ ಹೇಗಿದ್ದರೂ ಇರಲಿ, ಅದು ಆ ಮಾತಿನ ಮೂರ್ತಿ.

ಎದುರಿಗೆ ಜಾನಿ. ಗಾಯದ ಕಾಲಿಗೇ ಹೊಡೆಯೆಂದು ಗುರುವು ಆಜ್ಞಾಪಿಸಿದಾಗ ಅವನ ಕಣ್ಣುಗಳಲ್ಲಿ ಅಂಜಿಕೆಯೂ ಅಸಹ್ಯವೂ ಮೂಡುತ್ತವೆ, ಆದರೂ ಹೊಡೆಯುತ್ತಾನೆ. ಕನ್ನಡ ಕಾವ್ಯವನ್ನು ಬಲ್ಲವರಿಗೆ ಇಲ್ಲಿ ರನ್ನನ ಗದಾಯುದ್ಧವು ನೆನಪಾಗದಿರದು. ಅಲ್ಲಿ ನಾಭಿಯ ಕೆಳಗೆ ಹೊಡೆಯಬಾರದೆಂಬ ನಿಯಮವನ್ನು ಮೀರಿ ತೊಡೆಯನ್ನು ಮುರಿಯುವವನು ಕಾವ್ಯದ ನಾಯಕನಾದ ಭೀಮನೇ. ಬಿದ್ದ ದುರ್ಯೋಧನನ ಕಡೆಗೆ ಓದುಗನ ಮನಸ್ಸು ಹರಿಯುವಂತೆ ಮಾಡಿದುದು ರನ್ನನ ಹಿರಿಮೆ, ಬಿ. ಎಂ. ಶ್ರೀಕಂಠಯ್ಯನವರು ಆ ಕಾವ್ಯವನ್ನು ‘ಗದಾಯುದ್ಧ ನಾಟಕಂ’ ಎಂದು ರೂಪಿಸಿದುದೂ ಆ ಹಿರಿಮೆಯನ್ನು ಕಂಡೇ. ಅಮೆರಿಕಾದ ಚಿತ್ರವು ಅಷ್ಟು ಎತ್ತರಕ್ಕೆ ಏರುವುದಿಲ್ಲ; ಅಧರ್ಮವನ್ನು ಅದು ಎದುರಾಳಿಯ ಪಾಲಿಗೇ ಬಿಡುತ್ತದೆ. ಆದರೆ ಅಧರ್ಮವನ್ನು ಮಾಡಿದವನನ್ನು ದುಷ್ಟನನ್ನಾಗಿ ಉಳಿಸುವುದಿಲ್ಲ. ಸೋತ ಜಾನಿಯೇ ಪಾರಿತೋಷಕವನ್ನು ತೆಗೆದು ಕಣ್ಣೀರಿನೊಡನೆ ಡೇನಿಯಲ್‌ನ ಕೈಗೆ ಕೊಟ್ಟು ಅವನನ್ನು ಮೆಚ್ಚಿ ಮಾತಾಡುತ್ತಾನೆ. ಕೆಟ್ಟ ಗುರುವಿನ ಕೈಯಿಂದ ಬಿಡುಗಡೆಯಾದುದು ಅವನಿಗೂ ಗೆಲವೇ.

ಈ ಬೀಜವು ಮೊಳೆಯುವುದಕ್ಕೆ ಮೂವತ್ತನಾಲ್ಕು ವರ್ಷ ಹಿಡಿಯಿತು. ೨೦೧೮ರಿಂದ ೨೦೨೫ರವರೆಗೆ ಆರು ಭಾಗಗಳಲ್ಲಿ ಬಂದ ‘ಕೋಬ್ರಾ ಕೈ’ ಎಂಬ ಧಾರಾವಾಹಿಯು ಅದೇ ಕಥೆಯನ್ನು ನಡುವಯಸ್ಸಿನ ಜಾನಿಯ ಕಡೆಯಿಂದ ಹೇಳಲು ತೊಡಗಿತು. ಅದರಲ್ಲಿ ಅವನು ಆ ಒಂದು ಸೋಲಿನಿಂದ ಮೇಲೇಳಲಾರದೆ ಹೋದವನು. ಈಗ ಪೆಟ್ಟು ತಿಂದ ಇನ್ನೊಬ್ಬ ಹುಡುಗನಿಗೆ ಗುರುವಾಗುತ್ತಾನೆ. ಒಬ್ಬ ಎಳೆಯನ ಗೆಲವು ಇನ್ನೊಬ್ಬ ಎಳೆಯನ ಸೋಲೆಂಬ ಸತ್ಯವನ್ನು ಈ ಜಾತಿಯ ಕಥೆಯು ಕೊನೆಗೂ ಎದುರಿಸಿತು. ೨೦೧೦ರಲ್ಲಿ ಬೀಜಿಂಗ್ ನಗರಕ್ಕೆ ಸಾಗಿಸಿ ಜಾಕಿ ಚಾನನನ್ನು ಗುರುವನ್ನಾಗಿ ಮಾಡಿದ ಹೊಸ ಆವೃತ್ತಿಯಲ್ಲಿ, ಮೇಣದ ಬದಲು ಅಂಗಿಯನ್ನು ಕಳಚಿ ತೂಗುಹಾಕುವ ಅಭ್ಯಾಸವೂ, ಹೆಂಡತಿ ಮಗನನ್ನು ಅಪಘಾತದಲ್ಲಿ ಕಳೆದುಕೊಂಡ ಗುರುವಿನ ಶೋಕವೂ ಉಂಟು. ಅಲ್ಲಿ ದುಃಖವು ಒಬ್ಬನ ಮನೆಯದು. ಇಲ್ಲಿ ಒಂದು ದೇಶದ ಪಾಪದ ಫಲ. ಹೊಸದು ಹಳೆಯದಕ್ಕೆ ಸಮವಾಗದಿರುವುದಕ್ಕೆ ಕಾರಣವು ಈ ಭೇದದಲ್ಲಿದೆ.

ಒಟ್ಟಿನಲ್ಲಿ, ಎಳೆಯ ಕಲಿಗಳ ಈ ಚಿತ್ರಗಳ ಆಕರ್ಷಣೆಯು ಗೆಲವಿನಲ್ಲಿಯೂ ಇಲ್ಲ, ಪೆಟ್ಟಿನಲ್ಲಿಯೂ ಇಲ್ಲ. ಅಪಮಾನವನ್ನು ಸಾಧಾರಣೀಕರಿಸುವುದು, ದುಡಿಮೆಯ ಅರ್ಥವನ್ನು ಬೆರಗಾಗಿ ಹಿಂದಿರುಗಿಸುವುದು, ತನ್ನನ್ನು ತಿದ್ದುವುದಕ್ಕೆ ಹಿರಿಯನೊಬ್ಬನು ಇದ್ದಾನೆಂಬ ನಂಬಿಕೆಯನ್ನು ಕೊಡುವುದು, ಈ ಮೂರೂ ಕೂಡಿದಲ್ಲಿ ಇವು ಕಾವ್ಯವಾಗುತ್ತವೆ. ಕೂಡದಲ್ಲಿ ಬರಿಯ ಬಡಿದಾಟವಾಗುತ್ತವೆ. ಕೊನೆಯ ಒದೆಯಾದ ಮೇಲೆ ‘ದಿ ಕರಾಟೆ ಕಿಡ್’ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಜನರು ಹುಡುಗನನ್ನು ಮೇಲೆತ್ತಿ ಕುಣಿಯುತ್ತಿರುವಾಗ ಚಿತ್ರವು ಅವನ ಮುಖವನ್ನು ಬಿಟ್ಟು, ದೂರದಲ್ಲಿ ನಿಂತು ನೋಡುತ್ತಿರುವ ಮಿಯಾಗಿಯ ಮುಖಕ್ಕೆ ತಿರುಗಿ, ಅಲ್ಲಿಯೇ ಸ್ತಬ್ಧವಾಗುತ್ತದೆ. ಫಲವು ಯಾರಿಗೆ ಸಂದಿತೆಂಬ ಪ್ರಶ್ನೆಗೆ ಆ ಮುಖವೇ ಉತ್ತರ.